ನಿಯಮ ಬಾಯಿಪಾಠ ಬರುತ್ತದೆ, ನಾಣ್ಯದ ಪ್ರಶ್ನೆಗೆ ತಪ್ಪು ಹೇಳುತ್ತಾರೆ: ಚಲನೆ ಮತ್ತು ಬಲದ ಪರೀಕ್ಷೆ ಹೇಗಿರಬೇಕು?

ಪ್ರಶ್ನೆ: ನಾನು ಚಿತ್ರದುರ್ಗ ಜಿಲ್ಲೆಯ ಒಂದು ಪ್ರೌಢಶಾಲೆಯಲ್ಲಿ ಒಂಬತ್ತನೇ ತರಗತಿಗೆ ವಿಜ್ಞಾನ ಕಲಿಸುತ್ತೇನೆ. ತರಗತಿಯಲ್ಲಿ 52 ಮಕ್ಕಳಿದ್ದಾರೆ. ನ್ಯೂಟನ್‌ನ ಮೂರೂ ನಿಯಮಗಳನ್ನು ತಪ್ಪಿಲ್ಲದೆ ಬರೆಯುತ್ತಾರೆ. ಸೂತ್ರಕ್ಕೆ ಸಂಖ್ಯೆ ಹಾಕಿ ಲೆಕ್ಕವನ್ನೂ ಮಾಡುತ್ತಾರೆ. ಮೊನ್ನೆ ಒಂದು ನಾಣ್ಯವನ್ನು ಮೇಲಕ್ಕೆ ಎಸೆದು, 'ಕೈ ಬಿಟ್ಟ ಮೇಲೆ ಇದರ ಮೇಲೆ ಯಾವ ಬಲ ಇದೆ?' ಎಂದು ಕೇಳಿದೆ. 'ನಿಮ್ಮ ಕೈಯ ಬಲ ಮೇಡಂ' ಎಂದು ಹೆಚ್ಚುಕಡಿಮೆ ಎಲ್ಲರೂ ಹೇಳಿದರು. ಪರೀಕ್ಷೆಯಲ್ಲಿ 25ಕ್ಕೆ 22 ತೆಗೆದವರೂ ಅದನ್ನೇ ಹೇಳಿದರು. ಹಾಗಾದರೆ ನನ್ನ ಪರೀಕ್ಷೆ ಏನನ್ನು ಅಳೆಯುತ್ತಿದೆ? 40 ನಿಮಿಷದ ಒಂದು ಪೀರಿಯಡ್‌ನಲ್ಲಿ ಮಕ್ಕಳಿಗೆ ಅರ್ಥವಾಗಿದೆಯೋ ಇಲ್ಲವೋ ಎಂದು ತಿಳಿಯುವುದು ಹೇಗೆ? ನಿಯಮವನ್ನು ಸರಿಯಾಗಿ ಬರೆದು ಕಾರಣವನ್ನು ತಪ್ಪು ಬರೆದ ಮಗುವಿಗೆ ಅಂಕ ಕೊಡಬೇಕಾ?

ಉತ್ತರ: ನಿಮ್ಮ ಪತ್ರಿಕೆ ನೆನಪಿನ ಶಕ್ತಿಯನ್ನು ಅಳೆಯುತ್ತಿದೆ. ಜೊತೆಗೆ ಗುಣಾಕಾರ, ಭಾಗಾಕಾರವನ್ನು. ಎರಡೂ ಬೇಕಾದವೇ. ಆದರೆ ನೀವು ನಾಣ್ಯ ಎಸೆದು ಕೇಳಿದ ಆ ಒಂದು ಪ್ರಶ್ನೆ 25 ಅಂಕದ ಪತ್ರಿಕೆಗಿಂತ ಜಾಸ್ತಿ ಹೇಳಿತು. ಹಾಗಾಗಿ ಅಲ್ಲಿಂದಲೇ ಶುರು ಮಾಡೋಣ.

ಮೊದಲು ಒಂದು ಸಮಾಧಾನದ ಮಾತು. ನಿಮ್ಮ ಮಕ್ಕಳು ದಡ್ಡರಲ್ಲ, ನಿಮ್ಮ ಪಾಠವೂ ಕೆಟ್ಟದ್ದಲ್ಲ. 1982ರಲ್ಲಿ ಜಾನ್ ಕ್ಲೆಮೆಂಟ್ ಎಂಬ ಸಂಶೋಧಕರು ಅಮೆರಿಕದ ಎಂಜಿನಿಯರಿಂಗ್ ವಿದ್ಯಾರ್ಥಿಗಳಿಗೆ ಇದೇ ನಾಣ್ಯದ ಪ್ರಶ್ನೆ ಕೇಳಿದ್ದರು. ಅಲ್ಲೂ ಬಹುಪಾಲು ಜನ ಮೇಲ್ಮುಖವಾಗಿ ಒಂದು ಬಾಣ ಬರೆದು, 'ಕೈ ಕೊಟ್ಟ ಬಲ' ಎಂದೇ ಬರೆದರು. ಇನ್ನೂ ಹಿಂದಕ್ಕೆ ಹೋದರೆ, 14ನೇ ಶತಮಾನದಲ್ಲಿ ಪ್ಯಾರಿಸ್‌ನ ಪಂಡಿತ ಬ್ಯೂರಿಡಾನ್ ಎಸೆದ ವಸ್ತುವಿನೊಳಗೆ ಒಂದು ಒತ್ತು ಸೇರಿಕೊಂಡು ಅದನ್ನು ಮುಂದಕ್ಕೆ ಒಯ್ಯುತ್ತದೆ ಎಂದು ವಾದಿಸಿದ್ದ. ನಿಮ್ಮ ಮಕ್ಕಳ ಉತ್ತರಕ್ಕೆ ಅಷ್ಟು ಹಳೆಯ ಬೇರಿದೆ. ತಳ್ಳಿದರೆ ಚಲಿಸುತ್ತದೆ, ತಳ್ಳುವುದು ನಿಂತರೆ ನಿಲ್ಲುತ್ತದೆ. ಅವರು ಹುಟ್ಟಿದಾಗಿನಿಂದ ನೋಡಿರುವುದು ಇದನ್ನೇ ಅಲ್ವಾ? ಘರ್ಷಣೆ ಇರುವ ಜಗತ್ತಿನಲ್ಲಿ ಬೆಳೆದ ಮಗುವಿಗೆ ಬೇರೆ ಹೇಗೆ ಅನ್ನಿಸಬೇಕು?

ಪರೀಕ್ಷೆ ಮಾಡುವವರು ಈ ನಂಬಿಕೆಯನ್ನು ಹೊರಗೆ ತರಬೇಕು. ನಾವು ಸಾಮಾನ್ಯವಾಗಿ ಮಾಡುವುದು ಇದರ ಉಲ್ಟಾ. 'ನ್ಯೂಟನ್‌ನ ಮೊದಲ ನಿಯಮವನ್ನು ನಿರೂಪಿಸಿ' ಎಂದು ಕೇಳುತ್ತೇವೆ. ಆ ಪ್ರಶ್ನೆ ನಂಬಿಕೆಯನ್ನು ಮುಟ್ಟುವುದೇ ಇಲ್ಲ. ನಿಯಮ ಒಂದು ಕಪಾಟಿನಲ್ಲಿ, ನಂಬಿಕೆ ಇನ್ನೊಂದರಲ್ಲಿ. ಮಗು ಎರಡನ್ನೂ ಜೋಪಾನವಾಗಿ ಇಟ್ಟುಕೊಂಡು ಪಾಸಾಗುತ್ತದೆ. ನಾನೂ ವರ್ಷಗಟ್ಟಲೆ ಇಂಥ ಪತ್ರಿಕೆಗಳನ್ನೇ ತೆಗೆದಿದ್ದೇನೆ.

ಈ ಕೆಲಸಕ್ಕೆಂದೇ ಮಾಡಿದ ಒಂದು ಪರೀಕ್ಷೆ ಇದೆ. ಅಮೆರಿಕದ ಅರಿಜೋನಾದಲ್ಲಿ ಡೇವಿಡ್ ಹೆಸ್ಟಿನಸ್, ಮಾಲ್ಕಮ್ ವೆಲ್ಸ್, ಗ್ರೆಗ್ ಸ್ವಾಕ್‌ಹ್ಯಾಮರ್ ಸೇರಿ 1992ರಲ್ಲಿ ಪ್ರಕಟಿಸಿದ್ದು. ಹೆಸರು ಫೋರ್ಸ್ ಕಾನ್ಸೆಪ್ಟ್ ಇನ್ವೆಂಟರಿ. ಇವರಲ್ಲಿ ವೆಲ್ಸ್ ನಿಮ್ಮ ಹಾಗೆ ಹೈಸ್ಕೂಲ್ ಮೇಷ್ಟ್ರು. ಈಗ ಬಳಕೆಯಲ್ಲಿರುವ ರೂಪದಲ್ಲಿ 30 ಪ್ರಶ್ನೆ, ಪ್ರತಿಯೊಂದಕ್ಕೂ ಐದು ಆಯ್ಕೆ. ಲೆಕ್ಕ ಮಾಡುವ ಪ್ರಶ್ನೆ ಒಂದೂ ಇಲ್ಲ. ಅದರ ಜಾಣತನ ಇರುವುದು ತಪ್ಪು ಆಯ್ಕೆಗಳಲ್ಲಿ. ಅವನ್ನು ಯಾರೋ ಕೂತು ಊಹಿಸಿ ಬರೆದದ್ದಲ್ಲ. ಈ ಗುಂಪು ಅದಕ್ಕೆ ಮೊದಲು ಮಾಡಿದ್ದ ಪರೀಕ್ಷೆಯಲ್ಲಿ ವಿದ್ಯಾರ್ಥಿಗಳಿಂದ ಉತ್ತರಗಳನ್ನು ಬರೆಸಿತ್ತು. ಅವರು ಮತ್ತೆ ಮತ್ತೆ ಬರೆದ ತಪ್ಪುಗಳೇ ಮುಂದೆ ಆಯ್ಕೆಗಳಾದವು. ಅಂದರೆ ಮಗು ತಪ್ಪು ಆಯ್ಕೆಗೆ ಗುರುತು ಹಾಕಿದಾಗ, ತಾನು ಏನನ್ನು ನಂಬಿದ್ದೇನೆ ಎಂದು ಹೇಳಿದ ಹಾಗೆ.

ಹಾರ್ವರ್ಡ್‌ನ ಭೌತಶಾಸ್ತ್ರದ ಪ್ರೊಫೆಸರ್ ಎರಿಕ್ ಮಜೂರ್ ಇದೇ ಬಗೆಯ ಪ್ರಶ್ನೆಗಳನ್ನು ತಮ್ಮ ತರಗತಿಗೆ ಕೊಟ್ಟಾಗ ಒಬ್ಬ ವಿದ್ಯಾರ್ಥಿನಿ ಕೇಳಿದ್ದನ್ನು ಅವರು ಎಷ್ಟೋ ಕಡೆ ಹೇಳಿಕೊಂಡಿದ್ದಾರೆ. ನೀವು ಕಲಿಸಿದ ಹಾಗೆ ಬರೆಯಲಾ, ಇಲ್ಲಾ ನಾನು ಯೋಚಿಸುವ ಹಾಗೆ ಬರೆಯಲಾ ಎಂದು ಆಕೆ ಕೇಳಿದಳಂತೆ. ಆ ಎರಡು ಬೇರೆ ಬೇರೆ ಎಂದು ಆಕೆಗೆ ಗೊತ್ತಿತ್ತು. ಗೊತ್ತಿಲ್ಲದೆ ಹೋದದ್ದು ಪ್ರೊಫೆಸರರಿಗೆ.

ಆ 30 ಪ್ರಶ್ನೆಗಳನ್ನು ಕನ್ನಡಕ್ಕೆ ತಿರುಗಿಸಿ ಬಳಸಿ ಎಂದು ನಾನು ಹೇಳುವುದಿಲ್ಲ. ಉತ್ತರಗಳು ಹರಿದಾಡಬಾರದು ಎಂದು ಅವನ್ನು ಶಿಕ್ಷಕರಿಗೆ ಮಾತ್ರ ಕೊಡುತ್ತಾರೆ, ಅದನ್ನು ಗೌರವಿಸಬೇಕು. ಅದಕ್ಕಿಂತ ದೊಡ್ಡ ಕಾರಣ, ನಮ್ಮ ಮಕ್ಕಳ ತಪ್ಪುಗಳು ನಮ್ಮ ಭಾಷೆಯಲ್ಲಿ ಹುಟ್ಟುತ್ತವೆ. ಇದರ ಬಗ್ಗೆ ಸ್ವಲ್ಪ ಉದ್ದವಾಗಿ ಹೇಳಬೇಕು.

'ಪ್ರತಿಕ್ರಿಯೆ' ಎಂಬ ಪದ ತೆಗೆದುಕೊಳ್ಳಿ. ಮಂತ್ರಿಗಳು ಆರೋಪಕ್ಕೆ ಪ್ರತಿಕ್ರಿಯೆ ನೀಡಿದರು ಎಂದು ಪೇಪರಿನಲ್ಲಿ ಓದುತ್ತೇವೆ. ಅಂದರೆ ಮೊದಲು ಆರೋಪ, ಆಮೇಲೆ ಪ್ರತಿಕ್ರಿಯೆ. ಮಗು ಮೂರನೇ ನಿಯಮವನ್ನೂ ಹೀಗೇ ಓದುತ್ತದೆ. ಮೊದಲು ಕ್ರಿಯೆ, ಒಂದು ಕ್ಷಣ ಬಿಟ್ಟು ಉತ್ತರವಾಗಿ ಪ್ರತಿಕ್ರಿಯೆ. ಎರಡೂ ಒಂದೇ ಕ್ಷಣದಲ್ಲಿ ಹುಟ್ಟುತ್ತವೆ, ಬೇರೆ ಬೇರೆ ವಸ್ತುಗಳ ಮೇಲೆ ಬೀಳುತ್ತವೆ ಎಂಬುದು ಆ ಪದದಲ್ಲಿ ಇಲ್ಲವೇ ಇಲ್ಲ. ವೇಗ ಬದಲಾಗುವ ದರಕ್ಕೆ ಇಟ್ಟಿರುವ 'ವೇಗೋತ್ಕರ್ಷ' ಎಂಬ ಪದ ಇನ್ನೂ ಕಷ್ಟ. ಉತ್ಕರ್ಷ ಅಂದರೆ ಏರಿಕೆ. ಹಾಗಿರುವಾಗ ಬ್ರೇಕ್ ಹಾಕಿದ ಬಸ್ಸಿಗೂ ವೇಗೋತ್ಕರ್ಷ ಇದೆ ಎಂದರೆ ಮಗು ಹೇಗೆ ನಂಬಬೇಕು? 'ಜಡತ್ವ' ಎಂದರೆ ನಿಂತದ್ದು ನಿಂತೇ, ಓಡುವುದು ಓಡುತ್ತಲೇ ಇರುವ ಗುಣ; ಮಕ್ಕಳು ಅದನ್ನು ಸೋಮಾರಿಯಾಗಿ ಬಿದ್ದಿರುವುದು ಎಂದುಕೊಳ್ಳುತ್ತಾರೆ. ನಿಂತ ಬಂಡೆಗೆ ಜಡತ್ವ ಇದೆ, ಓಡುವ ಬಸ್ಸಿಗೆ ಇಲ್ಲ ಎಂದು ಬರೆದದ್ದನ್ನು ಎಷ್ಟೋ ಪತ್ರಿಕೆಗಳಲ್ಲಿ ನೋಡಿದ್ದೇನೆ. 'ವೇಗ' ಮತ್ತು 'ಜವ' ಕೂಡ ಹಾಗೆಯೇ. ಗಂಟೆಗೆ 80 ಕಿಲೋಮೀಟರ್ ವೇಗ ಎಂದು ಊರೆಲ್ಲ ಹೇಳುತ್ತದೆ. ಪಠ್ಯಪುಸ್ತಕ ಮಾತ್ರ ಅದನ್ನು ಜವ ಎನ್ನುತ್ತದೆ, ದಿಕ್ಕನ್ನೂ ಸೇರಿಸಿದರೆ ವೇಗ ಎನ್ನುತ್ತದೆ. 'ತೂಕ' ನ್ಯೂಟನ್‌ನಲ್ಲಿ ಇರಬೇಕು ಎಂದು ಕಲಿಸುತ್ತೇವೆ, ನ್ಯಾಯಬೆಲೆ ಅಂಗಡಿಯಲ್ಲಿ ಅದೇ ಮಗು 5 ಕೆಜಿ ತೂಕದ ಅಕ್ಕಿ ತರುತ್ತದೆ.

ಆದ್ದರಿಂದ ನಿಮ್ಮ ಪರೀಕ್ಷೆ ಪದಗಳ ಪರೀಕ್ಷೆ ಆಗದಂತೆ ನೋಡಿಕೊಳ್ಳಿ. ಜವ ಎಂದು ಬರೆಯಬೇಕಾದಲ್ಲಿ ವೇಗ ಎಂದು ಬರೆದರೆ ಅಂಕ ಕಳೆಯಬೇಡಿ. ದಿಕ್ಕು ಮುಖ್ಯವಾದ ಪ್ರಶ್ನೆಯಲ್ಲಿ ಮಾತ್ರ ದಿಕ್ಕನ್ನು ಕೇಳಿ. ಉದಾಹರಣೆಗೆ, ಒಬ್ಬ ಹುಡುಗಿ ಶಾಲೆಯ ಗೇಟಿನಿಂದ 60 ಮೀಟರ್ ದೂರದ ನಲ್ಲಿಗೆ 60 ಸೆಕೆಂಡಿನಲ್ಲಿ ನಡೆದಳು, 30 ಸೆಕೆಂಡ್ ನಿಂತು ನೀರು ಕುಡಿದಳು, 40 ಸೆಕೆಂಡಿನಲ್ಲಿ ಗೇಟಿಗೆ ವಾಪಸ್ ಬಂದಳು. ಗೇಟಿನಿಂದ ಅವಳು ಇರುವ ದೂರಕ್ಕೂ ಸಮಯಕ್ಕೂ ನಕ್ಷೆ ಬರೆಯಲು ಹೇಳಿ. ನಿಂತ 30 ಸೆಕೆಂಡ್ ನಕ್ಷೆಯಲ್ಲಿ ಹೇಗೆ ಕಾಣುತ್ತದೆ? ವಾಪಸ್ ಬಂದ ಗೆರೆ ಯಾಕೆ ಕಡಿದಾಗಿದೆ? ಕೊನೆಗೆ ಸ್ಥಾನಪಲ್ಲಟ (ಹೊರಟ ಜಾಗದಿಂದ ಎಷ್ಟು ಸರಿದಿದ್ದಾಳೆ ಎಂಬುದು) ಎಷ್ಟು, ನಡೆದ ದೂರ ಎಷ್ಟು? ಸೊನ್ನೆ ಮತ್ತು 120 ಮೀಟರ್. ಈ ಒಂದು ಪ್ರಶ್ನೆಯಲ್ಲಿ 'ಚಲನೆ' ಪಾಠದ ಅರ್ಧ ಇದೆ. ಒಂದು ಎಚ್ಚರಿಕೆ: ಗೆರೆ ಮೇಲೆ ಹೋಗಿ ಕೆಳಗೆ ಇಳಿದದ್ದನ್ನು 'ಹುಡುಗಿ ಗುಡ್ಡ ಹತ್ತಿ ಇಳಿದಳು' ಎಂದು ಓದುವ ಮಕ್ಕಳು ಇರುತ್ತಾರೆ. ನಕ್ಷೆಯನ್ನು ಅವರು ಚಿತ್ರ ಎಂದುಕೊಂಡಿದ್ದಾರೆ. ಅವರನ್ನು ಗುರುತಿಸಿ ಇಟ್ಟುಕೊಳ್ಳಿ, ಮುಂದಿನ ಯಾವ ನಕ್ಷೆಯೂ ಅವರಿಗೆ ಅರ್ಥವಾಗುವುದಿಲ್ಲ.

ಈಗ ಬಲಕ್ಕೆ ಬರೋಣ. ನನ್ನ ಅನುಭವದಲ್ಲಿ ಬಲದ ಪಾಠಕ್ಕೆ ಬಾಣ ಬರೆಸುವುದಕ್ಕಿಂತ ಒಳ್ಳೆಯ ಪರೀಕ್ಷೆ ಇಲ್ಲ. ಬರವಣಿಗೆ ಕಷ್ಟವಾಗುವ ಮಗುವೂ ಬಾಣ ಬರೆಯುತ್ತದೆ. ತಿದ್ದುವವರಿಗೆ ಒಂದು ಪತ್ರಿಕೆಗೆ ಅರ್ಧ ನಿಮಿಷ ಸಾಕು.

ನಿಮ್ಮ ನಾಣ್ಯವನ್ನೇ ತೆಗೆದುಕೊಳ್ಳಿ. ಮೂರು ಚಿತ್ರ ಕೊಡಿ. ಒಂದರಲ್ಲಿ ನಾಣ್ಯ ಮೇಲೆ ಹೋಗುತ್ತಿದೆ, ಒಂದರಲ್ಲಿ ತುತ್ತತುದಿಯಲ್ಲಿದೆ, ಒಂದರಲ್ಲಿ ಕೆಳಗೆ ಬರುತ್ತಿದೆ. ಗಾಳಿಯನ್ನು ಲೆಕ್ಕಕ್ಕೆ ತೆಗೆದುಕೊಳ್ಳಬೇಡಿ ಎಂದು ಹೇಳಿ. ಪ್ರತಿ ಚಿತ್ರದಲ್ಲೂ ನಾಣ್ಯದ ಮೇಲಿನ ಬಲಗಳನ್ನು ಬಾಣದಲ್ಲಿ ಬರೆಯಬೇಕು. ಒಂದು ಷರತ್ತು ಹಾಕಿ: ಪ್ರತಿ ಬಾಣದ ಪಕ್ಕದಲ್ಲಿ ಆ ಬಲವನ್ನು ಯಾರು ಕೊಡುತ್ತಿದ್ದಾರೆ ಎಂದು ಬರೆಯಬೇಕು. ಸರಿಯುತ್ತರದಲ್ಲಿ ಮೂರು ಚಿತ್ರಗಳೂ ಒಂದೇ ಥರ ಇರುತ್ತವೆ. ಕೆಳಕ್ಕೆ ಒಂದೇ ಬಾಣ, ಪಕ್ಕದಲ್ಲಿ 'ಭೂಮಿ'. ನಿಮ್ಮ ತರಗತಿಯಲ್ಲಿ ಬರುವುದು ಬೇರೆ. ಮೇಲೆ ಹೋಗುವಾಗ ಮೇಲಕ್ಕೊಂದು ಉದ್ದ ಬಾಣ, ತುದಿಯಲ್ಲಿ ಎರಡು ಸಮ ಬಾಣ ಅಥವಾ ಬಾಣವೇ ಇಲ್ಲ, ಇಳಿಯುವಾಗ ಕೆಳಕ್ಕೊಂದು. ಮಗು ಬಲದ ಬಾಣ ಬರೆದಿಲ್ಲ, ವೇಗದ ಬಾಣ ಬರೆದಿದೆ. ಬಲವನ್ನೂ ವೇಗವನ್ನೂ ಒಂದೇ ಎಂದುಕೊಂಡಿದೆ ಎಂಬುದು ಒಂದು ವಾಕ್ಯ ಓದದೆಯೇ ನಿಮಗೆ ತಿಳಿಯುತ್ತದೆ.

'ಯಾರು ಕೊಡುತ್ತಿದ್ದಾರೆ' ಎಂಬ ಷರತ್ತನ್ನು ಯಾವತ್ತೂ ಬಿಡಬೇಡಿ. 'ಕೈ' ಎಂದು ಬರೆದ ಮಗುವಿಗೆ ಆಮೇಲೆ ಕೇಳಬಹುದು: ಈಗ ಕೈ ಎಲ್ಲಿದೆ? ನಾಣ್ಯವನ್ನು ಮುಟ್ಟುತ್ತಿದೆಯಾ? ಅಲ್ಲಿ ಮಗು ಸುಮ್ನೆ ನಿಂತು ಯೋಚಿಸುತ್ತದಲ್ಲ, ಆ ಹೊತ್ತಿನಲ್ಲಿ ಅವಸರ ಮಾಡಬೇಡಿ.

ಇದೇ ರೀತಿ ಕೇರಂ ಬೋರ್ಡ್ ಬಳಸಿ. ಹೊಡೆದ ಕಾಯಿ ಜಾರುತ್ತಾ ಹೋಗುತ್ತಿದೆ, ಇನ್ನೂ ಯಾವುದಕ್ಕೂ ತಾಗಿಲ್ಲ. ಬಾಣ ಬರೆಯಿರಿ. ಕೆಳಕ್ಕೆ ಭೂಮಿ, ಮೇಲಕ್ಕೆ ಬೋರ್ಡ್, ಹಿಂದಕ್ಕೆ ಬೋರ್ಡಿನ ಘರ್ಷಣೆ. ಮುಂದಕ್ಕೆ ಏನೂ ಇಲ್ಲ. ನಂತರ ಕೇಳಿ, ಬೋರ್ಡಿಗೆ ಪೌಡರ್ ಹಾಕಿದರೆ ಯಾವ ಬಾಣ ಬದಲಾಗುತ್ತದೆ? ಪೌಡರ್ ಕಾಯಿಯನ್ನು ತಳ್ಳುವುದಿಲ್ಲ, ಹಿಂದಕ್ಕೆ ಎಳೆಯುವ ಬಾಣವನ್ನು ಚಿಕ್ಕದು ಮಾಡುತ್ತದೆ. ಆ ಬಾಣ ಪೂರ್ತಿ ಇಲ್ಲದಿದ್ದರೆ ಕಾಯಿ ಏನು ಮಾಡುತ್ತಿತ್ತು? ಅದೇ ವೇಗದಲ್ಲಿ ನೇರವಾಗಿ ಹೋಗುತ್ತಲೇ ಇರುತ್ತಿತ್ತು. ಮೊದಲನೇ ನಿಯಮದ ಪರೀಕ್ಷೆ ಇದು. ಗೆಲಿಲಿಯೋ ಇಳಿಜಾರಿನ ಮೇಲೆ ಗುಂಡು ಉರುಳಿಸಿ ಯೋಚಿಸಿದ ದಾರಿಯೂ ಇದೇ.

ಮೂರನೆಯದು ತಳ್ಳುಗಾಡಿ. ಹಣ್ಣಿನ ಗಾಡಿಯನ್ನು ಸಮತಟ್ಟಾದ ರಸ್ತೆಯಲ್ಲಿ ಒಂದೇ ವೇಗದಲ್ಲಿ ನೇರವಾಗಿ ತಳ್ಳಿಕೊಂಡು ಹೋಗುತ್ತಿದ್ದಾರೆ. ತಳ್ಳುವ ಬಲ ಜಾಸ್ತಿಯೋ, ಹಿಂದಕ್ಕೆ ಎಳೆಯುವ ಘರ್ಷಣೆ ಜಾಸ್ತಿಯೋ, ಎರಡೂ ಸಮವೋ? ತರಗತಿಯ ಜಾಣ ಮಕ್ಕಳೇ ಇಲ್ಲಿ ಎಡವುತ್ತಾರೆ. 'ತಳ್ಳುವುದು ಜಾಸ್ತಿ ಇಲ್ಲದಿದ್ದರೆ ಗಾಡಿ ಹೇಗೆ ಹೋಗುತ್ತದೆ ಸಾರ್?' ಎಂದು ಜಗಳಕ್ಕೇ ನಿಲ್ಲುತ್ತಾರೆ. ಎರಡೂ ಸಮ. ತಳ್ಳುವುದು ಜಾಸ್ತಿಯಾಗಿದ್ದರೆ ಗಾಡಿಯ ವೇಗ ಏರುತ್ತಲೇ ಹೋಗಬೇಕಿತ್ತು. ನಿಂತ ಗಾಡಿಯನ್ನು ಹೊರಡಿಸುವಾಗ ಮಾತ್ರ ಜಾಸ್ತಿ ಬೇಕು.

ಮೂರನೇ ನಿಯಮಕ್ಕೆ ಕ್ರೀಡಾದಿನದ ಹಗ್ಗಜಗ್ಗಾಟ ಇದೆ. ಗೆಲ್ಲುತ್ತಿರುವ ತಂಡ ಹಗ್ಗವನ್ನು ಎಳೆಯುವ ಬಲ ಸೋಲುತ್ತಿರುವ ತಂಡದ ಬಲಕ್ಕಿಂತ ಜಾಸ್ತಿಯಾ? ಹಗ್ಗ ಹಗುರವಾಗಿದ್ದರೆ ಎರಡೂ ಹೆಚ್ಚುಕಡಿಮೆ ಸಮ. ಗೆಲುವು ತೀರ್ಮಾನವಾಗುವುದು ಕೈಯಲ್ಲಲ್ಲ, ಕಾಲಲ್ಲಿ. ನೆಲವನ್ನು ಯಾರು ಜೋರಾಗಿ ಒದ್ದು ನಿಲ್ಲುತ್ತಾರೋ ಅವರದ್ದು. ಇದನ್ನು ಮಾತಿನಲ್ಲಿ ನಂಬಿಸುವುದು ಕಷ್ಟ. ಲ್ಯಾಬಿನ ಎರಡು ಸ್ಪ್ರಿಂಗ್ ತಕ್ಕಡಿಗಳನ್ನು ಕೊಕ್ಕೆಗೆ ಕೊಕ್ಕೆ ಸಿಕ್ಕಿಸಿ, ಒಬ್ಬ ಗಟ್ಟಿ ಹುಡುಗ, ಒಬ್ಬಳು ಪುಟ್ಟ ಹುಡುಗಿ ಕೈಗೆ ಕೊಡಿ. ಓದುವ ಮೊದಲು ಉತ್ತರ ಬರೆಸಿ. ಆಮೇಲೆ ಎರಡೂ ಮುಳ್ಳು ಒಂದೇ ಅಂಕಿ ತೋರಿಸುತ್ತವೆ. ಕಾಗದದ ಪರೀಕ್ಷೆಯಲ್ಲಿ ಕೇರಂ ಸ್ಟ್ರೈಕರ್ ಕೊಡಬಹುದು. ಸ್ಟ್ರೈಕರ್ ಸುಮಾರು 15 ಗ್ರಾಂ, ಕಾಯಿ ಸುಮಾರು 5 ಗ್ರಾಂ. ಡಿಕ್ಕಿಯ ಕ್ಷಣದಲ್ಲಿ ಯಾರ ಮೇಲೆ ಬಲ ಜಾಸ್ತಿ, ಯಾರ ವೇಗ ಜಾಸ್ತಿ ಬದಲಾಗುತ್ತದೆ? ಬಲ ಎರಡಕ್ಕೂ ಒಂದೇ, ಅದು ಮೂರನೇ ನಿಯಮ. ಕಾಯಿ ಹಗುರ, ಹಾಗಾಗಿ ವೇಗದ ಬದಲಾವಣೆ ಅದಕ್ಕೆ ಮೂರು ಪಟ್ಟು, ಇದು ಎರಡನೇ ನಿಯಮ. ಈ ಎರಡು ಪ್ರಶ್ನೆಗಳನ್ನು ಯಾವಾಗಲೂ ಒಟ್ಟಿಗೇ ಕೇಳಿ. ಬಿಡಿಯಾಗಿ ಕೇಳಿದರೆ ಎರಡನೇ ಮತ್ತು ಮೂರನೇ ನಿಯಮ ಒಂದರಲ್ಲೊಂದು ಕಲಸಿಹೋದದ್ದು ಗೊತ್ತಾಗುವುದಿಲ್ಲ.

ಲೆಕ್ಕಗಳನ್ನು ಬಿಡಬೇಕಾ? ಬೇಡ, ಒಂದಾದರೂ ಇರಲಿ. ಆದರೆ ಸಂಖ್ಯೆ ಹಾಕುವ ಮೊದಲೇ ಯೋಚಿಸುವಂತೆ ಇರಲಿ. ಗಂಟೆಗೆ 36 ಕಿಲೋಮೀಟರ್ ವೇಗದ ಬೈಕ್ ಬ್ರೇಕ್ ಹಾಕಿದ ಮೇಲೆ 10 ಮೀಟರ್ ಹೋಗಿ ನಿಲ್ಲುತ್ತದೆ. ಅದೇ ಬ್ರೇಕ್, ಅದೇ ರಸ್ತೆ, ವೇಗ ಮಾತ್ರ 72. ಎಷ್ಟು ದೂರ ಹೋಗಿ ನಿಲ್ಲುತ್ತದೆ? ಮೊದಲು ಅಂದಾಜು ಬರೆಯಿರಿ, ಆಮೇಲೆ ಲೆಕ್ಕ ಮಾಡಿ. ಬಹಳಷ್ಟು ಮಕ್ಕಳು 20 ಎಂದು ಅಂದಾಜು ಬರೆಯುತ್ತಾರೆ. ಲೆಕ್ಕ ಮಾಡಿದರೆ 40 ಬರುತ್ತದೆ. ಆಗ ಕೆಲವರು ಲೆಕ್ಕವನ್ನೇ ಅಳಿಸಿ 20 ಮಾಡುತ್ತಾರೆ. ಅದಕ್ಕೆ ಅಂದಾಜನ್ನು ಪೆನ್ನಿನಲ್ಲಿ ಬರೆಸಿ, ಅಂದಾಜು ತಪ್ಪಾದರೆ ಅಂಕ ಹೋಗುವುದಿಲ್ಲ ಎಂದು ಮೊದಲೇ ಹೇಳಿ. ಇನ್ನೆರಡು ಮೂರು ವರ್ಷದಲ್ಲಿ ಬೈಕ್ ಹತ್ತುವ ಮಕ್ಕಳಿವರು. ಈ ಪ್ರಶ್ನೆ ಅವರಿಗೆ ಬರಲೇಬೇಕು ಎಂದು ನನಗೆ ಅನ್ನಿಸುತ್ತದೆ.

ನಿಮ್ಮ 40 ನಿಮಿಷಕ್ಕೆ ಎಂಟು ಪ್ರಶ್ನೆ ಸಾಕು. ನಾನಾಗಿದ್ದರೆ ಬಾಣದ್ದು ಮೂರು, ಆಯ್ಕೆಯದ್ದು ಮೂರು, ನಕ್ಷೆ ಒಂದು, ಲೆಕ್ಕ ಒಂದು ಇಡುತ್ತೇನೆ. ಆಯ್ಕೆಯ ಪ್ರಶ್ನೆಯ ಕೆಳಗೆ 'ಯಾಕೆಂದರೆ' ಎಂದು ಬರೆದು ಎರಡು ಸಾಲು ಖಾಲಿ ಬಿಡಿ. ಪಕ್ಕದಲ್ಲಿ 'ಖಚಿತ', 'ಅಂದಾಜು' ಎಂಬ ಎರಡು ಚೌಕ. ಖಚಿತ ಎಂದು ಗುರುತು ಹಾಕಿ ತಪ್ಪು ಬರೆದ ಮಗುವಿಗೂ ಅಂದಾಜಿನಲ್ಲಿ ಸರಿ ಬರೆದ ಮಗುವಿಗೂ ಮಾಡಬೇಕಾದ ಪಾಠ ಬೇರೆ ಬೇರೆ. ತಪ್ಪು ಆಯ್ಕೆಗಳನ್ನು ನಿಮ್ಮ ಮಕ್ಕಳ ಬಾಯಿಂದಲೇ ಎತ್ತಿಕೊಳ್ಳಿ. 'ಕೈಯ ಬಲ ನಿಧಾನಕ್ಕೆ ಖಾಲಿಯಾಗುತ್ತದೆ' ಎಂದು ಯಾರಾದರೂ ಹೇಳಿದ್ದರೆ ಅದೇ ಮಾತನ್ನು ಹಾಗೇ ಆಯ್ಕೆಯಾಗಿ ಇಡಿ. ಪುಸ್ತಕದ ಭಾಷೆಗೆ ತಿದ್ದಿದರೆ ಅದು ತಮ್ಮದೇ ಮಾತು ಎಂದು ಮಕ್ಕಳಿಗೆ ಗುರುತು ಸಿಗುವುದಿಲ್ಲ.

52 ಪತ್ರಿಕೆ ತಿದ್ದುವುದು ಹೊರೆ ಎಂದು ಗೊತ್ತು. ಪಾಠಕ್ಕೆ ಮೊದಲು ಕೊಡುವ ಪರೀಕ್ಷೆಗೆ ಅಂಕವನ್ನೇ ಹಾಕಬೇಡಿ. ನಾಣ್ಯದ ಚಿತ್ರ ನೋಡಿ ಪತ್ರಿಕೆಗಳನ್ನು ಮೂರ್ನಾಲ್ಕು ಗುಡ್ಡೆ ಮಾಡಿ ಸಾಕು. ಅರ್ಧ ಗಂಟೆಯ ಕೆಲಸ. ಯಾವ ಗುಡ್ಡೆ ದೊಡ್ಡದೋ ಆ ನಂಬಿಕೆಯ ಮೇಲೆ ಪಾಠ ಕಟ್ಟಿ. ಪಾಠ ಮುಗಿದು ಎರಡು ವಾರ ಬಿಟ್ಟು ಅದೇ ಬಗೆಯ, ಆದರೆ ವಸ್ತು ಬದಲಿಸಿದ ಪ್ರಶ್ನೆಗಳನ್ನು ಕೊಡಿ. ನಾಣ್ಯದ ಬದಲು ಚಿನ್ನಿದಾಂಡಿನ ಚಿನ್ನಿ, ಗಾಡಿಯ ಬದಲು ದೋಣಿ. ಇದನ್ನು ನಿಮ್ಮ ಒಂದು ಎಫ್‌ಎ (ರೂಪಣಾತ್ಮಕ ಮೌಲ್ಯಮಾಪನ) ಚಟುವಟಿಕೆಯಾಗಿಯೇ ಮಾಡಬಹುದು.

ಎರಡನ್ನೂ ಹೋಲಿಸಲು ಒಂದು ಸುಲಭ ಅಳತೆ ಇದೆ. ಮೊದಲು ತರಗತಿಯ ಸರಾಸರಿ ಶೇ. 30, ಆಮೇಲೆ ಶೇ. 55 ಎಂದಿಟ್ಟುಕೊಳ್ಳಿ. ಕಲಿಯಲು ಬಾಕಿ ಇದ್ದದ್ದು 70, ಕಲಿತದ್ದು 25. 25ನ್ನು 70ರಿಂದ ಭಾಗಿಸಿದರೆ ಸುಮಾರು 0.36. ಅಮೆರಿಕದ ರಿಚರ್ಡ್ ಹೇಕ್ 1998ರಲ್ಲಿ ಆರು ಸಾವಿರಕ್ಕೂ ಹೆಚ್ಚು ವಿದ್ಯಾರ್ಥಿಗಳ ಅಂಕಗಳನ್ನು ಹೀಗೆ ಲೆಕ್ಕ ಹಾಕಿ ಪ್ರಕಟಿಸಿದರು. ಮೇಷ್ಟ್ರು ಮಾತ್ರ ಮಾತಾಡುವ ತರಗತಿಗಳಲ್ಲಿ ಸರಾಸರಿ 0.23 ಬಂದಿತ್ತು. ವಿದ್ಯಾರ್ಥಿಗಳು ತಾವೇ ಚರ್ಚಿಸಿ, ಮಾಡಿ ನೋಡುವ ತರಗತಿಗಳಲ್ಲಿ 0.48. ಅವು ಹೈಸ್ಕೂಲು ಮತ್ತು ಕಾಲೇಜುಗಳ ಅಂಕಿಗಳು, ಅಲ್ಲಿನ ತರಗತಿಗಳದ್ದು. ನಿಮ್ಮ ಅಂಕಿಯನ್ನು ಅದರ ಜೊತೆ ತೂಗಬೇಡಿ, ನಿಮ್ಮದೇ ಮುಂದಿನ ವರ್ಷದ ಅಂಕಿಯ ಜೊತೆ ತೂಗಿ.

ಇದನ್ನು ಇಷ್ಟು ಒತ್ತಿ ಹೇಳಲು ಕಾರಣ ಇದೆ. ನಿಮ್ಮ ಮಕ್ಕಳು ಮುಂದಿನ ವರ್ಷ ಎಸ್ಸೆಸ್ಸೆಲ್ಸಿಯಲ್ಲಿ ಬೆಳಕು, ವಿದ್ಯುತ್ತು, ಕಾಂತತೆ ಓದುತ್ತಾರೆ. ಚಲನೆಯ ನಿಯಮಗಳು ಮತ್ತೆ ಎದುರಾಗುವುದು ಪಿಯುಸಿಯಲ್ಲಿ, ಅದೂ ವಿಜ್ಞಾನ ತೆಗೆದುಕೊಂಡವರಿಗೆ ಮಾತ್ರ. ಉಳಿದವರಿಗೆ ಒಂಬತ್ತನೇ ತರಗತಿಯೇ ಮೊದಲು, ಅದೇ ಕೊನೆ.

ಇನ್ನು ನಿಮ್ಮ ಕೊನೆಯ ಪ್ರಶ್ನೆ. ನಿಯಮವನ್ನು ಬರೆಯಿರಿ ಎಂದು ನೀವು ಕೇಳಿದ್ದರೆ, ಬರೆದ ಮಗುವಿಗೆ ಅದರ ಅಂಕ ಕೊಡಲೇಬೇಕು. ಕೇಳಿದ್ದನ್ನು ಅದು ಮಾಡಿದೆ. ಮುಂದಿನ ಸಲ ನಿಯಮವನ್ನು ಪತ್ರಿಕೆಯಲ್ಲಿ ನೀವೇ ಅಚ್ಚು ಹಾಕಿ ಕೊಟ್ಟುಬಿಡಿ, ಸೂತ್ರಗಳನ್ನೂ ಕೊಡಿ. ಅವನ್ನು ಎದುರಿಗೇ ಇಟ್ಟುಕೊಂಡು ನಾಣ್ಯಕ್ಕೆ ಬಾಣ ಬರೆಯಲಿ. ಉತ್ತರಕ್ಕೆ ಒಂದು ಅಂಕ, ಕಾರಣಕ್ಕೆ ಎರಡು. ಉತ್ತರ ತಪ್ಪಾಗಿ, ಕಾರಣದಲ್ಲಿ ಒಳ್ಳೆಯ ಯೋಚನೆ ಇದ್ದರೆ ಒಂದು ಅಂಕವನ್ನಾದರೂ ಕೊಡಿ. ಪತ್ರಿಕೆ ವಾಪಸ್ ಕೊಟ್ಟ ದಿನ ಅಕ್ಕಪಕ್ಕದವರ ಜೊತೆ ಹತ್ತು ನಿಮಿಷ ವಾದ ಮಾಡಲು ಬಿಡಿ. ಆಮೇಲೆ ಯಾವುದಾದರೂ ಒಂದು ಕಾರಣವನ್ನು ಬೇರೆ ಬಣ್ಣದ ಪೆನ್ನಿನಲ್ಲಿ ತಿದ್ದಿ ಬರೆಯಲು ಹೇಳಿ. ಹಳೆಯದನ್ನು ಹೊಡೆದುಹಾಕುವುದು ಬೇಡ, ಅದರ ಕೆಳಗೇ ಹೊಸದು ಇರಲಿ. ತಿದ್ದಿದ್ದು ಸರಿಯಾಗಿದ್ದರೆ ಕಳೆದುಕೊಂಡ ಅಂಕವನ್ನು ಪೂರ್ತಿ ವಾಪಸ್ ಕೊಡಿ.